ಮೌನವು ಸಮ್ಮತಿಯೆ?

ಹೆಣ್ಣು ನೋಡುವ ಶಾಸ್ತ್ರವು ಮುಗಿದು, ಬಂದವರು ಹೊರಟುಹೋದ ಮೇಲೆ, ತಂದೆಯು ಒಳಬಾಗಿಲ ಬಳಿ ನಿಂತು, "ಏನಮ್ಮ, ಒಪ್ಪಿಗೆಯೆ?" ಎಂದು ಕೇಳುತ್ತಾನೆ. ಮಗಳು ತಲೆಯನ್ನು ತಗ್ಗಿಸಿ ನೆಲವನ್ನು ನೋಡುತ್ತಾಳೆ. ಮನೆಯ ಹಿರಿಯರೊಬ್ಬರು, "ಮೌನಂ ಸಮ್ಮತಿಲಕ್ಷಣಂ, ಇನ್ನು ಕೇಳುವುದೇನು?" ಎಂದು ನಗುತ್ತಾರೆ. ಅಲ್ಲಿಗೆ ಒಂದು ಮಾತು ಮುಗಿದು, ಲಗ್ನಪತ್ರಿಕೆಯ ಮಾತು ಮೊದಲಾಗುತ್ತದೆ. ವಿದ್ಯಾವಂತರೆನಿಸಿಕೊಂಡವರ ಎಷ್ಟೋ ಮನೆಗಳಲ್ಲಿ ಇಂದಿಗೂ ಈ ಪ್ರಸಂಗವು ಹೀಗೆಯೇ ನಡೆಯುತ್ತಿದೆ. ಆ ಹುಡುಗಿಯು ಹೇಳಿದುದೇನೆಂದು ವಿಚಾರಿಸಿದರೆ, ಏನನ್ನೂ ಹೇಳಲಿಲ್ಲವೆಂಬುದೇ ಉತ್ತರ. ಆಕೆ ಹೇಳದೆ ಉಳಿಸಿದುದನ್ನು ಸಂಸ್ಕೃತದ ಎರಡು ಪದಗಳು ಆಕೆಯ ಪರವಾಗಿ ಹೇಳಿ ಮುಗಿಸಿದುವು.

ಈ ಎರಡು ಪದಗಳಷ್ಟು ಸುಲಭವಾಗಿ ಬಾಯಿಗೆ ಬರುವ ಸೂತ್ರವು ಮತ್ತೊಂದಿಲ್ಲ. ಇದರಷ್ಟು ಅನ್ಯಾಯಕ್ಕೆ ಆಸರೆಯಾದುದೂ ಅಪರೂಪ. ಮನೆಯಲ್ಲಿ, ಸಭೆಯಲ್ಲಿ, ಒಂದು ಕಾಲಕ್ಕೆ ನ್ಯಾಯಸ್ಥಾನದಲ್ಲಿ ಸಹ, ಇದು ಪ್ರಬಲರ ಕೈಗೆ ದುರ್ಬಲರ ರುಜುವನ್ನು ಒದಗಿಸಿಕೊಟ್ಟಿದೆ. ಆದುದರಿಂದ ಇದರ ಯೋಗ್ಯತೆಯನ್ನು ಪರೀಕ್ಷಿಸುವುದು ಅವಶ್ಯಕ.

ಮೊದಲನೆಯದಾಗಿ, ಕನ್ನಡ ನುಡಿಯೇ ಈ ಸೂತ್ರವನ್ನು ಒಪ್ಪುವುದಿಲ್ಲ. ಮಾತಿಲ್ಲದಿರುವ ಸ್ಥಿತಿಗಳನ್ನು ಅದು ಎಷ್ಟು ಸೂಕ್ಷ್ಮವಾಗಿ ವಿಂಗಡಿಸಿದೆಯೆಂಬುದನ್ನು ವಾಚಕರು ಗಮನಿಸಬೇಕು. ಮುನಿಯ ಭಾವವೇ ಮೌನವೆಂಬುದು ಆ ಶಬ್ದದ ವ್ಯುತ್ಪತ್ತಿ; ಆಡಬಲ್ಲವನು ತನ್ನ ನಾಲಗೆಯನ್ನು ತಾನೇ ಬಿಗಿಹಿಡಿದುದಕ್ಕೆ ಆ ಹೆಸರು ಸಲ್ಲುತ್ತದೆ. ದುಃಖವು ಉಮ್ಮಳಿಸಿದವನಿಗೆ ಗಂಟಲು ಕಟ್ಟುತ್ತದೆ. ಭಯಗೊಂಡವನಿಗೆ ಬಾಯಿ ಒಣಗುತ್ತದೆ. ಗದರಿಸಿಕೊಂಡವನು ತುಟಿಪಿಟಕ್ಕೆನ್ನುವುದಿಲ್ಲ. ಹೇಳಿ ಹೇಳಿ ಸೋತವನು ಸುಮ್ಮನಾಗುತ್ತಾನೆ. ಹಣ ಕೊಟ್ಟು ಒಬ್ಬನ ಬಾಯಿ ಮುಚ್ಚಿಸುತ್ತಾರೆ. ಹೊಡೆದು ಮತ್ತೊಬ್ಬನ ಬಾಯಿ ಮುಚ್ಚಿಸುತ್ತಾರೆ. ಇನ್ನು ಅಣ್ಣತಮ್ಮಂದಿರು ಆಸ್ತಿಗಾಗಿ ಜಗಳವಾಡಿ 'ಮಾತು ಬಿಟ್ಟರು' ಎಂದರೆ, ಅವರು ಒಬ್ಬರನ್ನೊಬ್ಬರು ಸಮ್ಮತಿಸಿದರೆಂದು ಅರ್ಥಮಾಡುವವರು ಯಾರಿದ್ದಾರೆ? ಹಳ್ಳಿಯ ಅನಕ್ಷರಸ್ಥನೂ ಅರಿತಿರುವ ಈ ಭೇದಗಳನ್ನೆಲ್ಲ ಅಳಿಸಿ, ಎಲ್ಲವನ್ನೂ 'ಒಪ್ಪಿಗೆ' ಎಂಬ ಒಂದೇ ಚೀಲಕ್ಕೆ ತುಂಬುವುದು ಪಾಂಡಿತ್ಯದ ಲಕ್ಷಣವೂ ಅಲ್ಲ, ವಿವೇಕದ ಲಕ್ಷಣವೂ ಅಲ್ಲ.

ಈ ಭೇದವನ್ನು ಸ್ಪಷ್ಟಪಡಿಸಲು ದೂರ ಹೋಗಬೇಕಾದುದಿಲ್ಲ. ಮಹಾತ್ಮಾ ಗಾಂಧಿಯವರು ಸೋಮವಾರಗಳಂದು ಮೌನವ್ರತವನ್ನು ಆಚರಿಸುತ್ತಿದ್ದರು. ಅವಶ್ಯವಾದುದನ್ನು ಚೀಟಿಯಲ್ಲಿ ಬರೆದು ತಿಳಿಸುತ್ತಿದ್ದರು. ಮಂಗಳವಾರ ಅವರು ಮಾತನಾಡುವರೆಂಬುದೂ, ದೇಶವು ಕಿವಿಗೊಡುವುದೆಂಬುದೂ ನಿಶ್ಚಿತವಾಗಿದ್ದಿತು. ಅದೇ ಕಾಲದಲ್ಲಿ, 1920ನೆಯ ಇಸವಿ ಜನವರಿ 31ರಂದು, ಡಾಕ್ಟರ್ ಅಂಬೇಡ್ಕರರು ಮರಾಠಿಯಲ್ಲಿ ಪಾಕ್ಷಿಕವೊಂದನ್ನು ಹೊರಡಿಸಿ ಅದಕ್ಕೆ 'ಮೂಕನಾಯಕ'ವೆಂದು ಹೆಸರಿಟ್ಟರು. ಅಲ್ಲಿ ಮೂಕರೆನಿಸಿದವರು ನಾಲಗೆಯಿಲ್ಲದವರಲ್ಲ. ಶತಮಾನಗಳವರೆಗೆ ಅವರು ಆಡಿದ ಮಾತಿಗೆ ಕೇಳುವ ಕಿವಿಯಿರಲಿಲ್ಲ, ಆಡಿದವರಿಗೆ ದಂಡನೆಯಿದ್ದಿತು. ಒಂದು ಮೌನದ ಹಿಂದೆ ಸ್ವಾತಂತ್ರ್ಯವಿದ್ದಿತು. ಇನ್ನೊಂದರ ಹಿಂದೆ ಅದರ ಅಭಾವವಿದ್ದಿತು. ಹೊರಗಿನ ಕಿವಿಗೆ ಎರಡೂ ಒಂದೇ ನಿಶ್ಶಬ್ದ. ಅಸ್ಪೃಶ್ಯತೆಯನ್ನು 'ಅವರೂ ಒಪ್ಪಿಕೊಂಡೇ ಇದ್ದರು' ಎಂದು ಸಮರ್ಥಿಸಿದವರು ಆ ಎರಡನೆಯ ನಿಶ್ಶಬ್ದವನ್ನೇ ಸಾಕ್ಷಿಗೆ ಕರೆದರು.

ಎರಡನೆಯದಾಗಿ, ವ್ಯಾಪಾರದಲ್ಲಿ ಸಹ ಈ ಸೂತ್ರವು ನಿಲ್ಲಲಾರದೆಂಬುದು ಬಹುಕಾಲದ ಹಿಂದೆಯೇ ನಿರ್ಣಯವಾಗಿದೆ. ಇಂಗ್ಲೆಂಡಿನಲ್ಲಿ 1862ರಲ್ಲಿ ತೀರ್ಮಾನವಾದ 'ಫೆಲ್ಟ್‌ಹೌಸ್ ವಿರುದ್ಧ ಬಿಂಡ್ಲಿ' ಎಂಬ ವ್ಯಾಜ್ಯವು ಕಾನೂನಿನ ವಿದ್ಯಾರ್ಥಿಗಳೆಲ್ಲರಿಗೂ ಪರಿಚಿತವಾದುದು. ಒಬ್ಬ ಚಿಕ್ಕಪ್ಪನು ಅಣ್ಣನ ಮಗನ ಕುದುರೆಯನ್ನು ಕೊಳ್ಳಬಯಸಿ, 30 ಪೌಂಡು 15 ಷಿಲ್ಲಿಂಗುಗಳಿಗೆ ಬೆಲೆ ಕಟ್ಟಿ, ಮತ್ತೆ ಉತ್ತರ ಬಾರದಿದ್ದರೆ ಕುದುರೆಯು ತನ್ನದೆಂದೇ ತಿಳಿಯುವುದಾಗಿ ಕಾಗದ ಬರೆದನು. ಹುಡುಗನು ಉತ್ತರ ಬರೆಯಲಿಲ್ಲ. ಆದರೆ ಅವನ ಮನಸ್ಸಿನಲ್ಲಿ ಮಾರುವ ಉದ್ದೇಶವೇ ಇದ್ದುದರಿಂದ, ಆ ಕುದುರೆಯನ್ನು ಹರಾಜಿನಿಂದ ತಪ್ಪಿಸಬೇಕೆಂದು ಹರಾಜುದಾರನಿಗೆ ಹೇಳಿದ್ದನು. ಹರಾಜುದಾರನು ಮರೆತು ಅದನ್ನು ಮಾರಿಬಿಟ್ಟನು. ಚಿಕ್ಕಪ್ಪನು ದಾವಾ ಹೂಡಿ ಸೋತನು. ಮನಸ್ಸಿನೊಳಗೆ ಒಪ್ಪಿದ್ದರೂ, ಅದನ್ನು ಚಿಕ್ಕಪ್ಪನಿಗೆ ತಿಳಿಸದಿದ್ದುದರಿಂದ ಕರಾರು ಆಗಲಿಲ್ಲವೆಂದು ನ್ಯಾಯಾಧಿಪತಿಗಳು ಹೇಳಿದರು. ಒಬ್ಬನು ಇನ್ನೊಬ್ಬನ ಮೇಲೆ 'ನೀನು ಉತ್ತರ ಕೊಡಲೇಬೇಕು, ಇಲ್ಲವಾದರೆ ಒಪ್ಪಿದಂತೆ' ಎಂಬ ಹೊರೆಯನ್ನು ಹೊರಿಸಲಾಗದೆಂಬುದೇ ಇದರ ತಾತ್ಪರ್ಯ.

ಒಂದು ಕುದುರೆಯು ಮೌನದಿಂದ ಕೈ ಬದಲಾಯಿಸಲಾರದು. ಆದರೆ ಮಗಳೊಬ್ಬಳ ಆಯುಷ್ಯವು ಬದಲಾಯಿಸಬಹುದೆ? ಕುದುರೆಯ ಒಡೆಯನ ಮನಸ್ಸು ನಿಜವಾಗಿಯೂ ಒಪ್ಪಿದ್ದಿತು. ಹುಡುಗಿಯ ಮನಸ್ಸು ಏನೆಂದಿತೆಂಬುದು ಒಬ್ಬರಿಗೂ ಗೊತ್ತಿಲ್ಲ. 1954ರ ವಿಶೇಷ ವಿವಾಹ ಶಾಸನವು ಈ ವಿಷಯದಲ್ಲಿ ಬಹು ಎಚ್ಚರದಿಂದ ನಡೆದಿದೆ. ಅದರ ಪ್ರಕಾರ ವಧೂವರರಿಬ್ಬರೂ ಅಧಿಕಾರಿಯ ಮತ್ತು ಮೂವರು ಸಾಕ್ಷಿಗಳ ಎದುರಿನಲ್ಲಿ, ತಮಗೆ ತಿಳಿಯುವ ಭಾಷೆಯಲ್ಲಿ, ಒಬ್ಬರನ್ನೊಬ್ಬರು ಸ್ವೀಕರಿಸಿದುದನ್ನು ಸ್ವಂತ ಬಾಯಿಂದ ನುಡಿಯಬೇಕು. ನುಡಿಯದ ಹೊರತು ವಿವಾಹವು ಪೂರ್ಣವಾಗದು. ನೋಂದಣಿಯ ಕಚೇರಿಯು ಅಪರಿಚಿತಳಾದ ವಧುವಿಗೆ ತೋರುವ ಈ ಮರ್ಯಾದೆಯನ್ನು ಹೆತ್ತ ಮನೆಯು ಮಗಳಿಗೆ ತೋರಲಾರದೆ?

ಮೂರನೆಯದು ಇನ್ನೂ ದಾರುಣವಾದುದು. 1972ರಲ್ಲಿ ಮಹಾರಾಷ್ಟ್ರದ ದೇಸಾಯಿಗಂಜಿನ ಪೋಲೀಸು ಠಾಣೆಯಲ್ಲಿ, ಹದಿನಾಲ್ಕರಿಂದ ಹದಿನಾರು ವಯಸ್ಸಿನವಳೆಂದು ವೈದ್ಯರು ಅಂದಾಜು ಮಾಡಿದ ಆದಿವಾಸಿ ಹುಡುಗಿಯೊಬ್ಬಳು, ತನ್ನ ಮೇಲೆ ಇಬ್ಬರು ಪೋಲೀಸಿನವರು ಲೈಂಗಿಕ ದೌರ್ಜನ್ಯವೆಸಗಿದರೆಂದು ದೂರಿದಳು. ನಿರುಪಾಯಳಾಗಿ ಶರಣಾಗುವುದು ಬೇರೆ, ಸಮ್ಮತಿಸುವುದು ಬೇರೆ ಎಂದು ಹೇಳಿ ಮುಂಬಯಿ ಹೈಕೋರ್ಟು ಆರೋಪಿಗಳನ್ನು ಶಿಕ್ಷಿಸಿತು. 1978ರಲ್ಲಿ ಸುಪ್ರೀಂ ಕೋರ್ಟು ಆ ತೀರ್ಪನ್ನು ತಳ್ಳಿ ಅವರನ್ನು ಬಿಡುಗಡೆ ಮಾಡಿತು. ಮೈಮೇಲೆ ಗಾಯದ ಗುರುತಿಲ್ಲ, ಕೂಗಿಕೊಂಡೆನೆಂಬ ಮಾತು ನಂಬತಕ್ಕದ್ದಲ್ಲ, ಆದುದರಿಂದ ನಡೆದುದು ಒಪ್ಪಿಗೆಯಿಂದ ನಡೆಯಿತೆಂಬುದು ಅದರ ತರ್ಕ. ರಾತ್ರಿಯ ಹೊತ್ತು, ಠಾಣೆಯ ಗೋಡೆಗಳೊಳಗೆ, ಕಾನೂನಿನ ಸಮವಸ್ತ್ರದ ಎದುರು, ತಂದೆತಾಯಿಗಳಿಲ್ಲದ ಬಡ ಹುಡುಗಿಯೊಬ್ಬಳು ಯಾರನ್ನು ಕೂಗಬೇಕಾಗಿದ್ದಿತು?

ಮುಂದಿನ ವರ್ಷ ಉಪೇಂದ್ರ ಬಕ್ಷಿ, ವಸುಧಾ ಧಾಗಂವಾರ್, ರಘುನಾಥ ಕೇಳ್ಕರ್, ಲೋತಿಕಾ ಸರ್ಕಾರ್ ಎಂಬ ನಾಲ್ವರು ನ್ಯಾಯಶಾಸ್ತ್ರದ ಅಧ್ಯಾಪಕರು ಮುಖ್ಯ ನ್ಯಾಯಾಧಿಪತಿಗಳಿಗೆ ಬಹಿರಂಗ ಪತ್ರವನ್ನು ಬರೆದು ಈ ತರ್ಕವನ್ನು ಪ್ರತಿಭಟಿಸಿದರು. ದೇಶದ ಹೆಂಗಸರು ಬೀದಿಗಿಳಿದರು. 1983ರಲ್ಲಿ ಶಾಸನವು ತಿದ್ದುಪಡಿಯಾಗಿ, ಅಧಿಕಾರಿಯ ವಶದಲ್ಲಿ ನಡೆದ ಇಂಥ ಕೃತ್ಯದಲ್ಲಿ, ಸಂಭೋಗವು ನಡೆದುದು ರುಜುವಾತಾಗಿ, ತಾನು ಒಪ್ಪಲಿಲ್ಲವೆಂದು ಹೆಣ್ಣು ಹೇಳಿದರೆ, ನ್ಯಾಯಸ್ಥಾನವು ಹಾಗೆಯೇ ಭಾವಿಸತಕ್ಕದ್ದೆಂದು ವಿಧಿಸಿತು. 2013ರ ತಿದ್ದುಪಡಿಯು ಒಪ್ಪಿಗೆಯೆಂದರೆ ಸಂದೇಹಕ್ಕೆಡೆಯಿಲ್ಲದ, ಸ್ವಸಂತೋಷದ ಅಂಗೀಕಾರವೆಂದು ಬರೆದು, ದೇಹದಿಂದ ಪ್ರತಿಭಟಿಸದಿದ್ದ ಮಾತ್ರಕ್ಕೆ ಒಪ್ಪಿದಳೆಂದು ತಿಳಿಯಲಾಗದೆಂದು ಸೇರಿಸಿತು. 2024ನೆಯ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿಯೂ ಈ ವಾಕ್ಯಗಳು ಉಳಿದಿವೆ. ಠಾಣೆಯ ಆ ರಾತ್ರಿಯಿಂದ ಈ ಸ್ಪಷ್ಟವಾದ ಮಾತಿನವರೆಗೆ ನಾಲ್ವತ್ತೊಂದು ವರ್ಷಗಳು ಹಿಡಿದುವು. ಸೂತ್ರವೊಂದರ ಬೇರು ಎಷ್ಟು ಆಳಕ್ಕಿಳಿಯಬಲ್ಲುದೆಂಬುದಕ್ಕೆ ಇದೇ ಅಳತೆ.

ಈ ಸೂತ್ರವು ಎಲ್ಲರಿಗೂ ಒಂದೇ ಸಮನಾಗಿ ಅನ್ವಯಿಸಿದ್ದರೆ ಅದನ್ನು ದಡ್ಡತನವೆಂದು ಕ್ಷಮಿಸಬಹುದಾಗಿದ್ದಿತು. ಆದರೆ ಅದು ಪಕ್ಷಪಾತಿಯೂ ಆಗಿದೆ. ಇಂಗ್ಲೆಂಡಿನ ಸರ್ ಥಾಮಸ್ ಮೋರನು ಎಂಟನೆಯ ಹೆನ್ರಿಯ ಧಾರ್ಮಿಕ ಅಧಿಪತ್ಯದ ವಿಷಯವಾಗಿ ಹೌದೆನ್ನಲಿಲ್ಲ, ಅಲ್ಲವೆನ್ನಲಿಲ್ಲ, ಸುಮ್ಮನಿದ್ದನು. 1535ರಲ್ಲಿ ವಿಚಾರಣೆಗೆ ಎಳೆದಾಗ, ಮೌನವು ಸಮ್ಮತಿಯೆಂಬ ಅರ್ಥದ ಲ್ಯಾಟಿನ್ ಸೂತ್ರವನ್ನೇ ಆತನು ತನ್ನ ರಕ್ಷಣೆಗೆ ಮುಂದಿಟ್ಟನು; ಸೂತ್ರದಂತೆ ನಡೆದರೆ ತನ್ನ ಮೌನವನ್ನು ರಾಜನ ಪರವಾಗಿಯೇ ಎಣಿಸಬೇಕಲ್ಲವೆ ಎಂದನು. ಆಗ ಮಾತ್ರ ಆ ಸೂತ್ರವು ರಾಜಪಕ್ಷಕ್ಕೆ ರುಚಿಸಲಿಲ್ಲ. ಆತನ ಮೌನದಲ್ಲಿ ಅದು ದ್ರೋಹವನ್ನೇ ಕಂಡಿತು. ಮೋರನ ತಲೆಯು ಉರುಳಿತು.

ಕೇರಳದಲ್ಲಿ 1985ರಲ್ಲಿ ಯೆಹೋವನ ಸಾಕ್ಷಿಗಳೆಂಬ ಪಂಥಕ್ಕೆ ಸೇರಿದ ಮೂವರು ಮಕ್ಕಳು, ಶಾಲೆಯಲ್ಲಿ ರಾಷ್ಟ್ರಗೀತವನ್ನು ಹಾಡುವಾಗ ಎಲ್ಲರಂತೆ ಗೌರವದಿಂದ ಎದ್ದು ನಿಂತಿದ್ದರೂ, ತಮ್ಮ ಶ್ರದ್ಧೆಗೆ ವಿರುದ್ಧವೆಂದು ಹಾಡದೆ ಇದ್ದರು. ಅವರನ್ನು ಶಾಲೆಯಿಂದ ಹೊರಹಾಕಲಾಯಿತು. ಇಲ್ಲಿಯೂ ಮೌನವು ಸಮ್ಮತಿಯಾಗಲಿಲ್ಲ, ಅಪರಾಧವಾಯಿತು. 1986ರ ಆಗಸ್ಟಿನಲ್ಲಿ ನ್ಯಾಯಮೂರ್ತಿ ಓ. ಚಿನ್ನಪ್ಪ ರೆಡ್ಡಿಯವರು ಸುಪ್ರೀಂ ಕೋರ್ಟಿನ ತೀರ್ಪನ್ನು ಬರೆದು, ಎದ್ದು ನಿಂತು ಮೌನವಾಗಿರುವುದು ಅಗೌರವವಲ್ಲವೆಂದು ಸಾರಿ, ಮಕ್ಕಳನ್ನು ಮರಳಿ ಶಾಲೆಗೆ ಸೇರಿಸಿದರು. ಹೀಗೆ, ಬಲ್ಲಿದನಿಗೆ ಬೇಕಾದಾಗ ಮೌನವು ಹೌದೆನ್ನುತ್ತದೆ, ಬೇಕಾದಾಗ ಇಲ್ಲವೆನ್ನುತ್ತದೆ. ಸುಮ್ಮನಿದ್ದವರ ಬಾಯಿಗೆ ಮಾತನ್ನು ತುರುಕುವ ಅಧಿಕಾರವು ತನ್ನದೆಂದು ಅವನು ತಿಳಿದಿರುವುದೇ ಇಲ್ಲಿಯ ದೋಷ.

ಇದಕ್ಕೆ ಪ್ರತಿಯಾಗಿ ಹೇಳುವವರಿದ್ದಾರೆ. ಹೆಣ್ಣುಮಕ್ಕಳಿಗೆ ನಾಚಿಕೆಯು ಸಹಜವಾದುದು, ಅವರ ಬಾಯಿ ಬಿಡಿಸುವುದೇ ಕ್ರೌರ್ಯವೆನ್ನುತ್ತಾರೆ. ನಾಚಿಕೆಯು ಇರಬಹುದು. ಆದರೆ ನಾಚಿಕೆಯು ಹೌದೆಂಬುದನ್ನು ಮರೆಸುವಂತೆ ಅಲ್ಲವೆಂಬುದನ್ನೂ ಮರೆಸುತ್ತದೆಯಲ್ಲವೆ? 1872ರ ಸಾಕ್ಷ್ಯ ಶಾಸನವು, ಮಾತನಾಡಲಾರದ ಸಾಕ್ಷಿಯು ತೆರೆದ ನ್ಯಾಯಸ್ಥಾನದಲ್ಲಿ ಬರೆದಾಗಲಿ ಸನ್ನೆಯಿಂದಾಗಲಿ ತಿಳಿಸಿದುದನ್ನು ಬಾಯಿಮಾತಿನ ಸಾಕ್ಷ್ಯವೆಂದೇ ಎಣಿಸಬೇಕೆಂದಿತು. ಅವನು ಸುಮ್ಮನಿದ್ದಾನೆ, ಆದುದರಿಂದ ಪ್ರತಿವಾದಿಯ ಮಾತನ್ನು ಒಪ್ಪಿದನೆಂದು ಅದು ಹೇಳಲಿಲ್ಲ. ಆಡಲಾರದವರಿಗೆ ಆಡುವ ದಾರಿಯನ್ನು ಮಾಡಿಕೊಡುವುದು ಕೇಳುವವನ ಹೊಣೆಯೆಂದು ಅದು ತಿಳಿದಿದ್ದಿತು. ಮಗಳನ್ನು ಒಬ್ಬಳನ್ನೇ ಕೂರಿಸಿಕೊಂಡು ತಾಯಿಯು ಕೇಳಬಹುದು. ಗೆಳತಿಯ ಮೂಲಕ ತಿಳಿಯಬಹುದು. ನಾಲ್ಕು ದಿನ ಕಾದು, ಚೀಟಿಯಲ್ಲಿ ಬರೆದುಕೊಡೆಂದು ಹೇಳಬಹುದು. ಇವೆಲ್ಲಕ್ಕೂ ಮೊದಲು ಆಕೆಗೆ ಒಂದು ಅಭಯವನ್ನು ಕೊಡಬೇಕು. ಬೇಡವೆಂದರೆ ತಂದೆಯ ಮುಖ ಗಂಟಿಕ್ಕುವುದಿಲ್ಲ, ತಾಯಿಯ ಕಣ್ಣೀರು ಹರಿಯುವುದಿಲ್ಲ, ಓದು ನಿಲ್ಲುವುದಿಲ್ಲ ಎಂಬ ಅಭಯವದು. ಇದನ್ನು ಕೊಡದೆ ಕೇಳುವ ಪ್ರಶ್ನೆಯು ಪ್ರಶ್ನೆಯೇ ಅಲ್ಲ.

ಸಭೆಗಳು ನಡೆಯುವುದಾದರೂ ಹೇಗೆಂದು ಮತ್ತೆ ಕೆಲವರು ಕೇಳುತ್ತಾರೆ. ಅಧ್ಯಕ್ಷರು "ಆಕ್ಷೇಪಣೆಯುಂಟೆ?" ಎಂದು ಕೇಳಿ, ಯಾರೂ ಏಳದಿದ್ದರೆ ನಿರ್ಣಯವು ಸರ್ವಾನುಮತದಿಂದ ಅಂಗೀಕೃತವಾಯಿತೆನ್ನುವುದು ಎಲ್ಲ ಸಂಘಗಳ ರೂಢಿ. ಆ ರೂಢಿಯನ್ನು ಒಪ್ಪಬಹುದು. ಆದರೆ ಒಂದು ನಿಯಮಕ್ಕೊಳಪಟ್ಟು. ಎದ್ದು ನಿಂತು 'ಇಲ್ಲ'ವೆಂದವನಿಗೆ ಕೇಡು ತಟ್ಟದ ಸಭೆಯಲ್ಲಿ ಮಾತ್ರ ಸುಮ್ಮನಿದ್ದವನು ಒಪ್ಪಿದನೆನ್ನಬಹುದು. ಒಡೆಯನ ಮುಂದೆ ಆಳು, ಸಾಲಗಾರನ ಮುಂದೆ ರೈತ, ಅತ್ತೆಯ ಮುಂದೆ ಸೊಸೆ ಸುಮ್ಮನಿದ್ದುದು ಈ ಲೆಕ್ಕಕ್ಕೆ ಬಾರದು.

ಮಹಾಭಾರತದ ಸಭಾಪರ್ವವನ್ನು ಓದಿದವರಿಗೆ ಈ ಭೇದವು ಹೊಸದಲ್ಲ. ದ್ರೌಪದಿಯು ಧರ್ಮದ ಪ್ರಶ್ನೆಯನ್ನು ಮುಂದಿಟ್ಟಾಗ ಕುರುಸಭೆಯ ರಾಜರು ಉತ್ತರ ಕೊಡದೆ ಕುಳಿತರು. ಭೀಷ್ಮನಂಥವನೂ ಧರ್ಮವು ಸೂಕ್ಷ್ಮವೆಂದು ಹೇಳಿ ನಿರ್ಣಯವನ್ನು ಕೊಡದೆ ಉಳಿದನು. ಕೌರವರಲ್ಲೊಬ್ಬನಾದ ಎಳೆಯ ವಿಕರ್ಣನು ಎದ್ದು ನಿಂತು ಆಕೆಯ ಪರವಾಗಿ ನುಡಿದನು. ಬಾಯಿ ತೆರೆಯುವುದು ಸಾಧ್ಯವಿದ್ದಿತೆಂಬುದಕ್ಕೆ ಅವನೇ ಸಾಕ್ಷಿ. ಉಳಿದವರಿಗೆ ನಾಲಗೆಯಿದ್ದಿತು, ಸ್ಥಾನವಿದ್ದಿತು, ಶಸ್ತ್ರವಿದ್ದಿತು. ಅವರ ಮೌನವನ್ನು ಲೋಕವು ಸಮ್ಮತಿಯೆಂದೇ ಎಣಿಸಿದೆ. ಎಣಿಸಿದುದು ನ್ಯಾಯವೇ ಆಗಿದೆ.

ಸೂತ್ರವನ್ನು ಉಳಿಸಿಕೊಳ್ಳಬೇಕೆಂಬ ಹಂಬಲವಿದ್ದವರು ಅದನ್ನು ಇಲ್ಲಿ ಉಳಿಸಿಕೊಳ್ಳಲಿ. ನೆರೆಮನೆಯಲ್ಲಿ ಸೊಸೆಯನ್ನು ಹೊಡೆಯುವ ಸದ್ದನ್ನು ಕೇಳಿ ಕಿಟಕಿಯನ್ನು ಮುಚ್ಚಿದ ಗೃಹಸ್ಥನಿಗೂ, ಅನ್ಯಾಯದ ನಿರ್ಣಯಕ್ಕೆ ಎದುರಾಡದೆ ವೀಳ್ಯವನ್ನು ತೆಗೆದುಕೊಂಡು ಮನೆಗೆ ಹೋದ ಸಭಾಸದನಿಗೂ ಅದು ಸಂಪೂರ್ಣವಾಗಿ ಅನ್ವಯಿಸುತ್ತದೆ. ಒಳಬಾಗಿಲ ಬಳಿ ತಲೆ ತಗ್ಗಿಸಿ ನಿಂತ ಹುಡುಗಿಗೆ ಅದು ಅನ್ವಯಿಸುವುದಿಲ್ಲ. ಆಕೆಯನ್ನು ಇನ್ನೊಮ್ಮೆ ಕೇಳಬೇಕು. ಕೇಳಿದ ಮೇಲೆ, ಉತ್ತರವು ಏನೇ ಆಗಿರಲಿ, ಅದು ಬರುವವರೆಗೆ ಕಾಯಬೇಕು.