ಮದ್ರಸದ ವ್ಯಾಜ್ಯ: ಬಾಗಿಲು ತಪ್ಪಿದರೆ ಸೋಲುವವರು ಮಕ್ಕಳು

ರಾಮನಗರ, ಚನ್ನಪಟ್ಟಣ, ಕನಕಪುರ, ಮಾಗಡಿಗಳ ಜಮಾಅತ್ ಹಿರಿಯರೇ, ಮದ್ರಸದ ಆಡಳಿತದಲ್ಲಿ ಒಡಕು ಮೂಡಿದೊಡನೆ ಸಮೀಪದ ಸಿವಿಲ್ ನ್ಯಾಯಾಲಯಕ್ಕೆ ಧಾವಿಸದಿರಿ. ಮೊದಲು ದಾಖಲೆಗಳನ್ನು ತೆರೆದು ನೋಡಿರಿ. ಅದು ನೋಂದಾಯಿತ ವಕ್ಫ್ ಆಗಿದ್ದರೆ, 1995ರ ವಕ್ಫ್ ಕಾಯ್ದೆಯ 83ನೇ ಕಲಮಿನಂತೆ ವ್ಯಾಜ್ಯವು ವಕ್ಫ್ ನ್ಯಾಯಮಂಡಳಿಗೆ ಸೇರಿದ್ದು. 85ನೇ ಕಲಂ ಸಿವಿಲ್ ನ್ಯಾಯಾಲಯದ ಬಾಗಿಲನ್ನು ಮುಚ್ಚಿದೆ. ವಕ್ಫ್ ಅಲ್ಲದೆ, 1960ರ ಸಂಘಗಳ ನೋಂದಣಿ ಕಾಯ್ದೆಯಡಿ ನಡೆಯುವ ಸಂಸ್ಥೆಯಾದರೆ ಸಿವಿಲ್ ನ್ಯಾಯಾಲಯವೇ ದಾರಿ.

‘ಎಲ್ಲಿಂದಾದರೂ ತಡೆಯಾಜ್ಞೆ ಸಿಕ್ಕರೆ ಸಾಕು’ ಎನ್ನುವುದು ಜಾಣತನವಲ್ಲ. ಅಧಿಕಾರವ್ಯಾಪ್ತಿಯಿಲ್ಲವೆಂದು ದಾವೆ ಮರಳುವಷ್ಟರಲ್ಲಿ ಶಿಕ್ಷಕರ ವೇತನ ನಿಂತಿರುತ್ತದೆ, ಮಕ್ಕಳ ಪಾಠ ಕೆಟ್ಟಿರುತ್ತದೆ.

ಅಮಾನತ್ತನ್ನು ಹಕ್ಕುದಾರರಿಗೆ ಒಪ್ಪಿಸಬೇಕೆಂಬುದು ಸೂರಃ ಅನ್ನಿಸಾದ 58ನೇ ವಚನದ ಆದೇಶ. ಮದ್ರಸದ ಹಕ್ಕುದಾರರು ಮುತವಲ್ಲಿಯೂ ಅಲ್ಲ, ಕಾರ್ಯದರ್ಶಿಯೂ ಅಲ್ಲ. ಅಲ್ಲಿ ಓದುವ ಮಕ್ಕಳು.