ಮೂರೂವರೆ ಅಡಿ

ರೀಲ್ಸ್ ನೋಡೋರಿಗೆಲ್ಲ ಶಿಕಾಗೋ ನದಿ ಗೊತ್ತೇ ಇರುತ್ತೆ. ಮಾರ್ಚ್‌ನಲ್ಲಿ ಸೇಂಟ್ ಪ್ಯಾಟ್ರಿಕ್ಸ್ ಡೇಗೆ ನೀರಿಗೆ ಬಣ್ಣ ಹಾಕಿ ಹಸಿರು ಮಾಡ್ತಾರಲ್ಲ, ಅದೇ ನದಿ. ಎರಡೂ ದಡದಲ್ಲಿ ಗಗನಚುಂಬಿ ಕಟ್ಟಡಗಳು, ದೋಣಿ ಬಂದರೆ ಮೇಲಕ್ಕೇಳುವ ಸೇತುವೆಗಳು, ನೀರಿನ ಪಕ್ಕದಲ್ಲೇ ನಡೆಯೋಕೆ ರಿವರ್‌ವಾಕ್. ಸಿವಿಲ್ ಓದೋ ನಮಗೆಲ್ಲ ಒಮ್ಮೆ ಅಲ್ಲಿಗೆ ಹೋಗೋ ಆಸೆ ಇದ್ದೇ ಇದೆ. ಆದರೆ ನಾವು ಈ ಸಲ ಹೇಳೋಕೆ ಹೊರಟಿರೋದು ಆ ದಡದ ಮೇಲಿನ ಕಥೆಯಲ್ಲ, ಅದರ ಕೆಳಗಿನದು.

ನದಿಗೆ ಅಂಟಿಕೊಂಡಿರುವ ಶಿಕಾಗೋದ ಡೌನ್‌ಟೌನ್‌ಗೆ 'ಲೂಪ್' ಅಂತ ಹೆಸರು. ಅಲ್ಲಿನ ರಸ್ತೆಗಳ ಕೆಳಗೆ, ಸುಮಾರು 40 ಅಡಿ ಆಳದಲ್ಲಿ, ಇಪ್ಪತ್ತನೇ ಶತಮಾನದ ಶುರುವಿನಲ್ಲಿ ಸುರಂಗಗಳನ್ನು ತೋಡಿದ್ದರು. ಒಟ್ಟು ಉದ್ದ ಸುಮಾರು 60 ಮೈಲಿ. ಒಳಗೆ ಪುಟ್ಟ ಗೂಡ್ಸ್ ರೈಲು. ಕಟ್ಟಡಗಳ ಬೇಸ್‌ಮೆಂಟ್‌ಗೆ ನೇರವಾಗಿ ಕಲ್ಲಿದ್ದಲು, ಸರಕು ತಲುಪಿಸೋದು, ಬೂದಿ ವಾಪಸ್ ತರೋದು ಅದರ ಕೆಲಸ. ಲಾರಿಗಳು ಬಂದ ಮೇಲೆ ರೈಲು ನಷ್ಟಕ್ಕೆ ಬಿತ್ತು, 1959ರಲ್ಲಿ ನಿಂತೇ ಹೋಯಿತು. ಆಮೇಲೆ ಅಲ್ಲಿ ಓಡಾಡಿದ್ದು ಕೇಬಲ್‌ಗಳು ಮಾತ್ರ. ಮೇಲಿದ್ದ ಊರು ಕೆಳಗಿನದನ್ನು ಹೆಚ್ಚುಕಮ್ಮಿ ಮರೆತೇಬಿಟ್ಟಿತು.

1991ರ ಸೆಪ್ಟೆಂಬರ್‌ನಲ್ಲಿ ಕಿನ್ಜಿ ಸ್ಟ್ರೀಟ್ ಸೇತುವೆ ಹತ್ತಿರ ನದಿಯಲ್ಲಿ ಹಳೇ ಪೈಲ್‌ಗಳನ್ನು ತೆಗೆದು ಹೊಸದು ಹೊಡೆಯುವ ಕೆಲಸ ನಡೀತು. ಹಳೇ ಜಾಗದಲ್ಲೇ ಹೊಡೆದರೆ ಸೇತುವೆ ನೋಡಿಕೊಳ್ಳುವವರ ಕಟ್ಟಡಕ್ಕೆ ಧಕ್ಕೆಯಾದೀತು ಅಂತ ಮೂರೂವರೆ ಅಡಿ ಪಕ್ಕಕ್ಕೆ ಸರಿಸಿದರು. ಪೈಲ್ ಸುರಂಗವನ್ನು ಚುಚ್ಚಲಿಲ್ಲ. ಆದರೆ ಅದು ತಳ್ಳಿದ ಜೇಡಿಮಣ್ಣು ಸುರಂಗದ ಗೋಡೆಯನ್ನು ಒತ್ತಿತು, ಗೋಡೆ ಬಿರುಕು ಬಿಟ್ಟಿತು. ಸಾಯಿಲ್ ಮೆಕ್ಯಾನಿಕ್ಸ್‌ನಲ್ಲಿ ಎರಡು ಮಾರ್ಕಿನ ಪ್ರಶ್ನೆ.

1992ರ ಜನವರಿಯಲ್ಲಿ ಕೇಬಲ್ ಟಿವಿ ಕೆಲಸದವರು ಸುರಂಗಕ್ಕೆ ಇಳಿದಾಗ ಮಣ್ಣು, ನೀರು ಒಳಗೆ ಬರ್ತಿರೋದನ್ನು ನೋಡಿದರು. ವಿಡಿಯೋ ಮಾಡಿದರು. ವಿಷಯ ನಗರಾಡಳಿತಕ್ಕೂ ಮುಟ್ಟಿತು. ರಿಪೇರಿಗೆ ಸುಮಾರು 10,000 ಡಾಲರ್ ಆಗುತ್ತೆ ಅಂತ ಅಂದಾಜು ಬಂತು. ಜಾಸ್ತಿಯಾಯ್ತು, ಬೇರೆ ಕಡೆ ಕೇಳೋಣ ಅಂದರು.

ಏಪ್ರಿಲ್ 13, ಸೋಮವಾರ ಬೆಳಗ್ಗೆ ಗೋಡೆ ಒಡೆದು ನದಿ ಒಳಗೆ ನುಗ್ಗಿತು. ರಸ್ತೆ ಮೇಲೆ ಒಂದು ಹನಿ ಇಲ್ಲ, ಬೇಸ್‌ಮೆಂಟ್‌ಗಳಲ್ಲಿ ಮಾತ್ರ ನೀರು ಏರುತ್ತಿದೆ. ಅದರಲ್ಲಿ ಮೀನೂ ಇದ್ದವಂತೆ! ಕೊನೆಗೆ ನೋಡಿದರೆ ಕಿನ್ಜಿ ಸೇತುವೆ ಪಕ್ಕ ನದಿಯ ನೀರು ಸುಳಿಸುತ್ತುತ್ತಾ ಇಳಿಯುತ್ತಿತ್ತು. ಕರೆಂಟ್ ತೆಗೆದರು, ಲೂಪ್ ಖಾಲಿ ಮಾಡಿಸಿದರು, ಬೋರ್ಡ್ ಆಫ್ ಟ್ರೇಡ್‌ನಲ್ಲಿ ವಹಿವಾಟು ನಿಂತಿತು. ತೂತು ಮುಚ್ಚೋಕೆ ಕಲ್ಲು, ಸಿಮೆಂಟ್, ಹಾಸಿಗೆಗಳನ್ನೆಲ್ಲ ತಂದು ಸುರಿದರು. ಒಳಹೊಕ್ಕ ನೀರು ಸುಮಾರು 25 ಕೋಟಿ ಗ್ಯಾಲನ್, ನಷ್ಟದ ಅಂದಾಜು 100 ಕೋಟಿ ಡಾಲರ್ ಹತ್ತಿರ. ಪುಣ್ಯಕ್ಕೆ ಯಾರ ಜೀವವೂ ಹೋಗಲಿಲ್ಲ.

ಪೈಲ್ ಹೊಡೆದವರದ್ದೇ ತಪ್ಪು ಅಂತ ಕೈ ತೊಳ್ಕೊಳ್ಳೋದು ಸುಲಭ. ನಮಗೆ ಹಾಗನಿಸಲ್ಲ. ಮೂರೂವರೆ ಅಡಿ ಸರಿಸೋಕೆ ಒಂದು ಕಾರಣ ಇತ್ತು. ಜನರ ದುಡ್ಡು, ನಾಲ್ಕು ಕಡೆ ರೇಟು ಕೇಳೋದೂ ತಪ್ಪಲ್ಲ. ತಪ್ಪಾಗಿದ್ದು ಸೋರಿಕೆ ಕಂಡಮೇಲೂ ಅದನ್ನು ಮಾಮೂಲಿ ಫೈಲ್ ಥರ ನಡೆಸಿದ್ದು. ನದಿ ಟೆಂಡರ್‌ಗೆ ಕಾಯಲ್ಲ.

ಇದನ್ನು ಬರೆಯೋಕೆ ನಮಗೆ ಅರ್ಹತೆ ಇದೆಯಾ? ಗೊತ್ತಿಲ್ಲ. ಈ ಸೆಮ್ ಸರ್ವೆ ಲ್ಯಾಬ್‌ನಲ್ಲಿ ನಮ್ಮ ಬ್ಯಾಚ್‌ನ ಟ್ರಾವರ್ಸ್ ಕ್ಲೋಸ್ ಆಗ್ಲಿಲ್ಲ. ಬಿಸಿಲು ಜೋರಾಗಿತ್ತು, ಊಟದ ಟೈಮ್ ಬೇರೆ. ಮರದ ನೆರಳಲ್ಲಿ ಕೂತು ಎರಡು ರೀಡಿಂಗ್ ತಿದ್ದಿ ಎರರ್ ಹೊಂದಿಸಿಬಿಟ್ವಿ. ಸೈನ್ ಬಿತ್ತು, ಫುಲ್ ಮಾರ್ಕ್ಸೂ ಬಂತು. ಟ್ರೈಪಾಡ್‌ನ ಒಂದು ಕಾಲು ಜಾರ್ತಿದ್ದದ್ದು ನಮ್ಮೆಲ್ಲರಿಗೂ ಗೊತ್ತಿತ್ತು, ಯಾರೂ ಹೇಳಲಿಲ್ಲ. ಮುಂದಿನ ಬ್ಯಾಚೂ ಅದರಲ್ಲೇ ರೀಡಿಂಗ್ ತಗೊಂಡಿತು. ಕೇಬಲ್ ಎಳೆಯೋಕೆ ಬಂದವರು ತಮ್ಮ ಕೆಲಸ ಅಲ್ಲದಿದ್ದರೂ ಕಂಡಿದ್ದನ್ನು ಹೇಳಿದರು. ಎಂಜಿನಿಯರ್ ಆಗಬೇಕಾದ ನಾವು ಅಷ್ಟೂ ಮಾಡಲಿಲ್ಲ.

ಡಿಸೈನ್ ಮಾಡೋಕೆ ಸಿಲಬಸ್‌ನಲ್ಲಿ ಮಾರ್ಕ್ಸ್ ಇದೆ. 'ಸರ್, ಇಲ್ಲಿ ಸೋರ್ತಿದೆ' ಅಂತ ಹೇಳೋಕೆ ಇಲ್ಲ, ಒಂದ್ಸಲ ಹೇಳಿ ಕೆಲಸ ಆಗದಿದ್ದರೆ ಮತ್ತೆ ಮತ್ತೆ ಹೇಳೋಕಂತೂ ಇಲ್ವೇ ಇಲ್ಲ. ಅದನ್ನು ನಾವೇ ರೂಢಿ ಮಾಡ್ಕೋಬೇಕು. ಮೊದಲ ಹೆಜ್ಜೆಯಾಗಿ ಈ ವಾರ ಲ್ಯಾಬ್‌ಗೆ ಹೋಗಿ ಆ ಟ್ರೈಪಾಡ್ ವಿಷಯ ರಿಜಿಸ್ಟರ್‌ನಲ್ಲಿ ಬರೆದು ಬರ್ತೀವಿ. ಫೀಲ್ಡ್ ಬುಕ್ ಕೇಳಿದರೆ ಅದನ್ನೂ ತೋರಿಸ್ತೀವಿ.