ಹಣದ ಬಾಡಿಗೆ

ಕಳೆದ ತಿಂಗಳು ನಮ್ಮ ಕಾಲೇಜಿನ ಅಧ್ಯಾಪಕರ ಕೊಠಡಿಯಲ್ಲಿ ಪೇಡೆ ಹಂಚಿದರು. ಹಂಚಿದವರು ವಾಣಿಜ್ಯ ವಿಭಾಗದ ತರುಣ ಮಿತ್ರರು; ಚಕ್ರಬಡ್ಡಿಯ ಲೆಕ್ಕವನ್ನು ಹುಡುಗರಿಗೆ ಹಲಗೆಯ ಮೇಲೆ ಮಾಡಿ ತೋರಿಸುವವರು. ಮಗು ಹುಟ್ಟಿತೆ ಎಂದು ಕೇಳಿದೆ. "ಇಲ್ರೀ ಸರ್, ಸಾಲ ಮಂಜೂರಾತು" ಎಂದರು. ಮೂವತ್ತು ಲಕ್ಷ, ಇಪ್ಪತ್ತು ವರ್ಷ. "ತಿಂಗಳಾ ಒಂಬತ್ತು ಸಾವಿರ ಬಾಡಿಗಿ ಕೊಟ್ಟು ಏನು ಬಂತ್ರೀ? ಆ ರೊಕ್ಕ ನೀರಾಗ ಹೋದಂಗ. ಕಂತು ಕಟ್ಟಿದರ ಮನಿ ಆದರೂ ನಮ್ಮದಾಕ್ಕೈತಿ."

ಪೇಡೆ ತಿಂದೆ. ಹಾರೈಸಿದೆ. ಆದರೆ ಆ ಒಂದು ಮಾತು ಪೇಡೆಯ ಜೊತೆ ಇಳಿಯಲಿಲ್ಲ. ಬಾಡಿಗೆಯ ಹಣ ನೀರಿಗೆ, ಕಂತಿನ ಹಣ ಮನೆಗೆ: ಈ ಮಾತು ನಮ್ಮೂರ ಹೊಸ ಬಡಾವಣೆಗಳ ಫಲಕಗಳಲ್ಲಿದೆ, ಸಾಲ ಕೊಡಿಸುವವರ ಬಾಯಲ್ಲಿದೆ, ಮಾವನವರ ಉಪದೇಶದಲ್ಲಿದೆ. ವೇದವಾಕ್ಯದಂತೆ ಇದನ್ನು ಯಾರೂ ಪ್ರಶ್ನಿಸುವುದಿಲ್ಲ. ಇದು ಅರ್ಧಕ್ಕಿಂತ ಹೆಚ್ಚು ಸುಳ್ಳೆಂದೂ, ಈ ಸುಳ್ಳನ್ನು ನಂಬಿ ನಮ್ಮ ಮಧ್ಯಮವರ್ಗ ತನ್ನ ಯೌವನದ ದುಡಿಮೆಯನ್ನು ಒತ್ತೆಯಿಡುತ್ತಿದೆಯೆಂದೂ ಹೇಳುವುದಕ್ಕಾಗಿ ಈ ಲೇಖನ. ಕನ್ನಡದ ಮೇಷ್ಟರಿಗೆ ಬಡ್ಡಿಯ ಉಸಾಬರಿ ಏಕೆಂದು ಕೇಳುವವರು ಸ್ವಲ್ಪ ತಾಳಬೇಕು. ಇಲ್ಲಿನ ಮೋಸ ಅಂಕಿಗಳಲ್ಲಿ ಎಷ್ಟಿದೆಯೋ ಶಬ್ದಗಳಲ್ಲಿಯೂ ಅಷ್ಟೇ ಇದೆ.

ಮೊದಲು ಅಂಕಿಗಳು. ಬಡ್ಡಿ ಶೇಕಡಾ ಎಂಟೂವರೆ ಎಂದು ಹಿಡಿಯೋಣ. ಮೂವತ್ತು ಲಕ್ಷಕ್ಕೆ ಇಪ್ಪತ್ತು ವರ್ಷ ಕಟ್ಟಬೇಕಾದ ತಿಂಗಳ ಕಂತು 26,035 ರೂಪಾಯಿ. ಮೊದಲ ತಿಂಗಳು ಈ ಹಣದಲ್ಲಿ ಬಡ್ಡಿಗೆ ಹೋಗುವುದು 21,250. ಅಸಲಿಗೆ ಸೇರುವುದು 4,785. ಮೊದಲ ವರ್ಷ ಮುಗಿಯುವಾಗ ಮಿತ್ರರು ಮೂರು ಲಕ್ಷ ಹನ್ನೆರಡು ಸಾವಿರ ಕಟ್ಟಿರುತ್ತಾರೆ; ಸಾಲ ಇಳಿದಿರುವುದು ಅರವತ್ತು ಸಾವಿರಕ್ಕೂ ತುಸು ಕಡಿಮೆ. ಬಾಡಿಗೆಯವನು ಮನೆಗೆ ಬಾಡಿಗೆ ಕೊಡುತ್ತಾನೆ, ಇವರು ಹಣಕ್ಕೆ ಬಾಡಿಗೆ ಕೊಡುತ್ತಾರೆ. ಮೊದಲನೆಯದು ತಿಂಗಳಿಗೆ ಒಂಬತ್ತು ಸಾವಿರ, ಎರಡನೆಯದು ಇಪ್ಪತ್ತೊಂದು ಸಾವಿರ. ಇವೆರಡರಲ್ಲಿ ಯಾವುದು ನೀರಿಗೆ ಹೋಯಿತು?

ಮುಂದೆ ನೋಡಿ. ಐದು ವರ್ಷ ತಪ್ಪದೆ ಕಂತು ಕಟ್ಟಿದ ಮೇಲೆ, ಅಂದರೆ ಹದಿನೈದೂವರೆ ಲಕ್ಷಕ್ಕೂ ಮಿಕ್ಕಿ ಕೊಟ್ಟ ಮೇಲೆ, ಇನ್ನೂ ಇಪ್ಪತ್ತಾರು ಲಕ್ಷ ನಲವತ್ತು ಸಾವಿರದಷ್ಟು ಅಸಲು ಬಾಕಿ. ಹತ್ತು ವರ್ಷವಾದಾಗ ಕೊಟ್ಟದ್ದು ಮೂವತ್ತೊಂದು ಲಕ್ಷ, ಪಡೆದದ್ದಕ್ಕಿಂತ ಹೆಚ್ಚು. ಆಗಲೂ ಬಾಕಿ ಇಪ್ಪತ್ತೊಂದು ಲಕ್ಷ. ಅರ್ಧ ದಾರಿ ನಡೆದವನಿಗೆ ಊರು ಇನ್ನೂ ಮುಕ್ಕಾಲು ದಾರಿಯಷ್ಟು ದೂರದಲ್ಲಿ ಕಾಣುತ್ತದೆ! ಕಡೆಗೆ ಇಪ್ಪತ್ತು ವರ್ಷಕ್ಕೆ ಕೊಟ್ಟದ್ದು 62 ಲಕ್ಷ 48 ಸಾವಿರ. ಒಂದು ಮನೆ ತಮಗೆ. ಇನ್ನೊಂದು ಮನೆಯ ಬೆಲೆ, ಅದರ ಮೇಲೆ ಎರಡೂವರೆ ಲಕ್ಷ, ಸಾಲ ಕೊಟ್ಟವರಿಗೆ.

ಇದನ್ನು ನಾನು ದಡದ ಮೇಲೆ ನಿಂತು ಹೇಳುತ್ತಿಲ್ಲ. ನಾನೂ ಸಾಲ ಮಾಡಿಯೇ ಮನೆ ಕಟ್ಟಿದವನು. ಏಳನೆಯ ವರ್ಷ, ಕೈಗೆ ಬಂದ ಸ್ವಲ್ಪ ಹೆಚ್ಚಿನ ಹಣ ತುಂಬೋಣವೆಂದು ಹೋದಾಗ ಗುಮಾಸ್ತರು ಲೆಕ್ಕದ ಹಾಳೆಯನ್ನು ಮುಂದಿಟ್ಟರು. ನೂರು ರೂಪಾಯಿಗೆ ಎಂಬತ್ತಕ್ಕೂ ಮಿಕ್ಕಿ ಅಸಲು ಹಾಗೆಯೇ ಕುಳಿತಿತ್ತು. ಎಲ್ಲೋ ತಪ್ಪಾಗಿದೆಯೆಂದು ಜಗಳಕ್ಕೆ ನಿಂತೆ. ಅವರು ಶಾಂತವಾಗಿ, "ಇದು ಮೊದಲನೇ ದಿನದಿಂದಲೂ ಹಿಂಗ ಐತ್ರೀ ಸರ್, ನೀವು ಸಹಿ ಮಾಡೀರಿ" ಎಂದರು. ಸಹಿ ಮಾಡಿದ್ದೆ, ಹೌದು. ಒಂದು ಪದ್ಯದ ಒಂದು ಶಬ್ದಕ್ಕೆ ಮೂರು ನಿಘಂಟು ತಿರುವುವ ನಾನು, ನನ್ನ ಇಪ್ಪತ್ತು ವರ್ಷಗಳ ಬಾಳನ್ನು ಬರೆದಿದ್ದ ಆ ಇಂಗ್ಲಿಷ್ ಕಾಗದಗಳ ಕಟ್ಟನ್ನು ಓದದೆ, ಗುರುತು ಹಾಕಿದ ಕಡೆಯಲ್ಲೆಲ್ಲ ಸಹಿ ಮಾಡಿದ್ದೆ. ಆ ನಾಚಿಕೆಯೇ ಇಂದು ಈ ಲೇಖನಿಯನ್ನು ನಡೆಸುತ್ತಿದೆ.

ಇನ್ನು ಶಬ್ದಗಳಿಗೆ ಬರುತ್ತೇನೆ. ನಮ್ಮ ಹಿರಿಯರಿಗೆ ಸಾಲದ ಬಗೆಗಳಿಗೆಲ್ಲ ಬೇರೆ ಬೇರೆ ಹೆಸರಿತ್ತು. ಬಂಗಾರ ಇಟ್ಟರೆ ಗಿರವಿ. ಸಾಲ ಕೊಟ್ಟವನು ಬಡ್ಡಿಯ ಬದಲು ಹೊಲವನ್ನು ಉಂಡು, ಹಣ ಮರಳಿದ ದಿನ ಬಿಟ್ಟುಕೊಟ್ಟರೆ ಭೋಗ್ಯ. ಮನೆಮಾರಿನ ಪತ್ರ ಬರೆದುಕೊಟ್ಟರೆ ಅಡಮಾನ. ಹೆಸರು ಕೇಳಿದೊಡನೆ ಕೊರಳಿಗೆ ಬಿದ್ದ ಹಗ್ಗ ಎಂಥದೆಂದು ತಿಳಿಯುತ್ತಿತ್ತು. "ಅವರ ಮನಿ ಅಡಮಾನ ಬಿದ್ದೈತಂತ" ಎಂದು ಓಣಿಯವರು ದನಿ ತಗ್ಗಿಸಿ ಆಡುತ್ತಿದ್ದರು. ಇಂದು ಅದೇ ವಸ್ತುವಿಗೆ 'ಗೃಹಸಾಲ' ಎಂಬ ಹೆಸರು. ಗೃಹವೆಂದೊಡನೆ ತೋರಣ ಕಾಣುತ್ತದೆ, ಗೃಹಪ್ರವೇಶದ ಹೋಳಿಗೆ ಕಾಣುತ್ತದೆ, ಅಡಮಾನ ಕಾಣುವುದಿಲ್ಲ. ಆದರೆ ನಾವು ಒಪ್ಪಿಸುವ ಮೂಲಪತ್ರಗಳು ಯಾತಕ್ಕಾಗಿ? 1882ರ ಆಸ್ತಿ ವರ್ಗಾವಣೆ ಕಾಯಿದೆ ಹಕ್ಕುಪತ್ರ ಠೇವಣಿಯನ್ನು ಅಡಮಾನವೆಂದೇ ಕರೆಯುತ್ತದೆ. ತೊಂಬತ್ತು ದಿನ ಕಂತು ನಿಂತರೆ ಆ ಸಾಲ ಕೆಟ್ಟ ಸಾಲ. ಅರವತ್ತು ದಿನಗಳ ನೋಟೀಸು ಮುಗಿದ ಮೇಲೆ, 2002ರ ಸರ್ಫೇಸಿ ಕಾಯಿದೆಯಂತೆ, ನ್ಯಾಯಾಲಯದಲ್ಲಿ ದಾವೆ ಹೂಡದೆಯೇ ಮನೆಯ ಸ್ವಾಧೀನಕ್ಕೆ ಮುಂದಾಗಬಹುದು. ಹೆಸರು ಬದಲಾಯಿತು, ಹಗ್ಗ ಬದಲಾಗಲಿಲ್ಲ.

'ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು' ಎಂಬ ಗಾದೆಯ ಗತಿಯೂ ಇದೇ. ಅದು ಎಚ್ಚರಿಕೆಯ ಮಾತು: ಎಣಿಸಿದ್ದಕ್ಕಿಂತ ಹೆಚ್ಚು ಖರ್ಚಾಗುತ್ತದೆ, ಜೋಕೆ ಎಂದು ಅದರ ಅರ್ಥ. ಈಗ ಅದನ್ನೇ ಆಹ್ವಾನದಂತೆ ಆಡುತ್ತೇವೆ. ಸಾಲ ಕೊಳ್ಳುವಾಗಿನ ಸುಖವನ್ನೂ ತೀರಿಸುವಾಗಿನ ಸಂಕಟವನ್ನೂ ಕುರಿತು ಸರ್ವಜ್ಞನ ತ್ರಿಪದಿಯೊಂದಿದೆ. ಕನ್ನಡ ಬಲ್ಲ ಮಗುವಿಗೂ ಅದು ಬಾಯಿಪಾಠ. ಅದನ್ನು ವರ್ಷವರ್ಷವೂ ಪಾಠ ಹೇಳುತ್ತಲೇ ನಾನು ಆ ಸಹಿ ಮಾಡಿದ್ದು!

ಸಾಲದ ಅವಧಿಯ ವಿಷಯ ಇನ್ನೂ ಸೂಕ್ಷ್ಮ. ಕಂತು ಭಾರವಾಯಿತೆಂದರೆ, "ಮೂವತ್ತು ವರ್ಷಕ್ಕೆ ಮಾಡೋಣ, ಹಗುರಾಗುತ್ತದೆ" ಎನ್ನುತ್ತಾರೆ. ಹಗುರಾಗುವುದು ನಿಜ: ಇಪ್ಪತ್ತಾರು ಸಾವಿರದ ಕಂತು 23,067ಕ್ಕೆ ಇಳಿಯುತ್ತದೆ. ತಿಂಗಳಿಗೆ ಮೂರು ಸಾವಿರದ ಈ ಹಗುರಕ್ಕೆ ತೆರುವ ಬೆಲೆ ಎಷ್ಟು? ಒಟ್ಟು ಪಾವತಿ 83 ಲಕ್ಷ. ಇಪ್ಪತ್ತು ವರ್ಷದ ಸಾಲಕ್ಕಿಂತ ಇಪ್ಪತ್ತು ಲಕ್ಷಕ್ಕೂ ಹೆಚ್ಚು. ಅದೇ ಸಾಲವನ್ನು ಹದಿನೈದು ವರ್ಷಕ್ಕೆ ಇಳಿಸಿದರೆ ಕಂತು 29,542. ತಿಂಗಳಿಗೆ ಮೂರೂವರೆ ಸಾವಿರ ಹೆಚ್ಚು ಕೊಟ್ಟು ಒಂಬತ್ತು ಲಕ್ಷಕ್ಕೂ ಮಿಕ್ಕಿ ಉಳಿಸಬಹುದು. ನಾವು ಕೇಳುವ ಪ್ರಶ್ನೆ ಮಾತ್ರ ಒಂದೇ: "ತಿಂಗಳಿಗೆ ಎಷ್ಟು?" ಕೇಳಬೇಕಾದದ್ದು, "ಕಡೆಗೆ ಎಷ್ಟು?" ಸಾಲದೊಳಗೇ ವಿಮೆಯ ಹಣವನ್ನು ಒಂದು ಲಕ್ಷ ಸೇರಿಸಿದರೆ ಆ ವಿಮೆಗೂ ಇಪ್ಪತ್ತು ವರ್ಷ ಬಡ್ಡಿ ಏರಿ ಅದು ಎರಡು ಲಕ್ಷ ಎಂಟು ಸಾವಿರವಾಗುತ್ತದೆಂಬುದನ್ನೂ ನಾವು ಕೇಳುವುದಿಲ್ಲ.

ಬಡ್ಡಿಯ ದರವಾದರೂ ನಿಂತಲ್ಲಿ ನಿಲ್ಲುವುದೆ? ರಿಸರ್ವ್ ಬ್ಯಾಂಕಿನ ರೆಪೊ ದರ 2022ರ ಮೇ ತಿಂಗಳ ಮೊದಲಲ್ಲಿ ಶೇಕಡಾ 4 ಇತ್ತು; 2023ರ ಫೆಬ್ರವರಿಯ ವೇಳೆಗೆ 6.5 ಆಯಿತು. ಏರಿಕೆಗೆ ಮುಂಚೆ 6.75ರ ದರದಲ್ಲಿ ಮೂವತ್ತು ಲಕ್ಷ ಪಡೆದವನ ಕಂತು 22,811. ದರ 9.25ಕ್ಕೆ ಏರಿದಾಗ ಮೂವತ್ತು ಲಕ್ಷದ ಒಂದು ತಿಂಗಳ ಬಡ್ಡಿಯೇ 23,125. ಅಷ್ಟರೊಳಗೆ ಐವತ್ತು ಅರವತ್ತು ಸಾವಿರ ಅಸಲು ಇಳಿದಿತ್ತೆಂದು ಹಿಡಿದರೂ, ಕಂತಿನಲ್ಲಿ ಅಸಲಿಗೆ ಉಳಿಯುವುದು ನೂರರ ಆಸುಪಾಸು. ಅವನು ಕಂತು ಕಟ್ಟುತ್ತಲೇ ಇದ್ದ, ಸಾಲ ನಿಂತಲ್ಲೇ ನಿಂತಿತ್ತು. ಇಪ್ಪತ್ತು ವರ್ಷದ ಅವಧಿ ಅವನಿಗೆ ಗೊತ್ತಿಲ್ಲದಂತೆ ನಿವೃತ್ತಿಯ ಆಚೆಗೆ ಬೆಳೆಯಿತು. 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕು, ಅವಧಿ ಬೆಳೆಸುವ ಭರದಲ್ಲಿ ಕಂತು ಬಡ್ಡಿಗೂ ಸಾಲದಂತಾಗಕೂಡದು, ದರ ಬದಲಾದಾಗ ಸಾಲಗಾರನಿಗೆ ತಿಳಿಸಬೇಕು, ಕಂತು ಏರಿಸುವುದೋ ಅವಧಿ ಬೆಳೆಸುವುದೋ ಎಂಬ ಆಯ್ಕೆ ಅವನದಾಗಬೇಕು ಎಂದು ಆಜ್ಞೆ ಹೊರಡಿಸಿದ್ದು ಸುಮ್ಮನೆ ಅಲ್ಲ.

ನಮ್ಮ ಪ್ರಾಂತ್ಯಕ್ಕೆ ಈ ಎಚ್ಚರ ಹೊಸದಲ್ಲ. 1956ರ ವರೆಗೆ ನಾವು ಮುಂಬಯಿ ಆಡಳಿತದಲ್ಲಿದ್ದವರು. ಆ ಪ್ರಾಂತ್ಯದಲ್ಲಿ ಹಿಂದೂಗಳ ಸಾಲಕ್ಕೆ 'ದಾಮ್‌ದುಪಟ್' ಎಂಬ ಹಳೆಯ ನಿಯಮವನ್ನು ನ್ಯಾಯಾಲಯಗಳೂ ಮಾನ್ಯ ಮಾಡುತ್ತಿದ್ದವು: ಒಮ್ಮೆಗೆ ವಸೂಲು ಮಾಡುವ ಬಾಕಿ ಬಡ್ಡಿ ಅಸಲನ್ನು ಮೀರಬಾರದು. ತಿಂಗಳು ತಿಂಗಳು ತೀರುವ ಬಡ್ಡಿಗೆ ಆ ನಿಯಮ ತಟ್ಟುವುದಿಲ್ಲ, ಬಲ್ಲೆ. ಆದರೂ ಅದರ ಹಿಂದೆ ಒಂದು ನೀತಿಯಿತ್ತು. ಬಡ್ಡಿಗೊಂದು ಮೇರೆ ಬೇಕೆಂಬ ನೀತಿ. ನೆರೆಯ ಗದಗ ಸೀಮೆಯ ಕಣಗಿನಹಾಳದಲ್ಲಿ 1905ರಲ್ಲಿ ಸಿದ್ಧನಗೌಡ ಸಣ್ಣರಾಮನಗೌಡ ಪಾಟೀಲರು ಸಹಕಾರಿ ಪತ್ತಿನ ಸಂಘ ಕಟ್ಟಿದರು. ಸಾಲ ಕೊಡುವವರೂ ಕೊಳ್ಳುವವರೂ ಒಂದೇ ಊರಿನವರು, ಒಂದೇ ಲೆಕ್ಕದ ಪುಸ್ತಕವನ್ನು ನೋಡುವವರು. ಅಂಥ ನೆಲದವರಾದ ನಮಗೆ ಇಂದು ನಮ್ಮದೇ ಸಾಲದ ಪುಟ ಗೊತ್ತಿಲ್ಲ.

ಪ್ರತಿವಾದಿಗಳ ಮಾತನ್ನೂ ಕೇಳೋಣ. ಇಪ್ಪತ್ತು ವರ್ಷದ ಮೇಲಿನ ರೂಪಾಯಿ ಇಂದಿನ ರೂಪಾಯಿಯಲ್ಲ, ಸಂಬಳ ಏರುತ್ತದೆ, ಕಂತು ಇದ್ದಲ್ಲೇ ಇರುತ್ತದೆ ಎನ್ನುತ್ತಾರೆ. ಒಪ್ಪಿದೆ, ತುಟ್ಟಿಭತ್ಯೆ ಬರುವ ನನ್ನಂಥವನಿಗೆ ಇದು ನಿಜ. ಆದರೆ ಅದೇ ಕೊಠಡಿಯಲ್ಲಿ ಕೂಡುವ ಅತಿಥಿ ಉಪನ್ಯಾಸಕರಿಗೆ? ಬೀಜದ ಕಂಪನಿಯಲ್ಲಿ ಹಂಗಾಮು ನೋಡಿ ದುಡಿಯುವವರಿಗೆ? ಬ್ಯಾಡಗಿಯ ಮೆಣಸಿನಕಾಯಿಯನ್ನೇ ನಂಬಿದ ಅಂಗಡಿಕಾರರಿಗೆ? 2024ರ ಮಾರ್ಚ್‌ನಲ್ಲಿ ದರ ಕುಸಿದು ಬ್ಯಾಡಗಿ ಮಾರುಕಟ್ಟೆಯಲ್ಲಿ ರೈತರ ಸಿಟ್ಟು ಬೆಂಕಿಯಾಗಿ ಹೊತ್ತಿದ್ದನ್ನು ನಾವು ಮರೆತಿಲ್ಲ. ಮೆಣಸಿನಕಾಯಿಗೆ ದರ ಬಿದ್ದ ತಿಂಗಳೂ ಕಂತಿನ ದಿನ ಬರುತ್ತದೆ. ತೆರಿಗೆಯಲ್ಲಿ ಉಳಿಯುತ್ತದಲ್ಲ ಎನ್ನುವವರಿಗೆ ಒಂದೇ ಮಾತು: ಹೊಸ ತೆರಿಗೆ ಪದ್ಧತಿಗೆ ಹೋದವರಿಗೆ ಸ್ವಂತ ವಾಸದ ಮನೆಯ ಬಡ್ಡಿಗೆ ಆ ರಿಯಾಯಿತಿ ಇಲ್ಲ.

ಇನ್ನೊಂದು ವಾದವಿದೆ. ಅದಕ್ಕೆ ನಾನು ತಲೆಬಾಗುತ್ತೇನೆ. ಮನೆ ಕೇಳಲು ಹೋದವನ ಅಡ್ಡಹೆಸರು ಕೇಳಿ, ಊಟದ ಪದ್ಧತಿ ಕೇಳಿ, ಬಾಗಿಲು ಮುಚ್ಚುವ ಮಾಲೀಕರು ನಮ್ಮೂರುಗಳಲ್ಲಿ ಇನ್ನೂ ಇದ್ದಾರೆ. ಹಾಗೆ ಬಾಗಿಲು ಮುಚ್ಚಿಸಿಕೊಂಡವರಿಗೆ ಸ್ವಂತ ಮನೆ ಮರ್ಯಾದೆಯ ಪ್ರಶ್ನೆ. ಅದಕ್ಕೆ ಎಂಟೂವರೆಯ ಲೆಕ್ಕ ಹಿಡಿಯುವುದು ಸಲ್ಲ. ಆದುದರಿಂದ ಸಾಲವನ್ನೇ ಮಾಡಬೇಡಿ, ಮನೆಯನ್ನೇ ಕಟ್ಟಬೇಡಿ ಎಂದು ನಾನು ಹೇಳುತ್ತಿಲ್ಲ. ಮರ್ಯಾದೆಗಾಗಿ ಎಷ್ಟು ತೆರುತ್ತೇವೆಂಬುದನ್ನು ತಿಳಿದು ತೆರೋಣ ಎನ್ನುತ್ತಿದ್ದೇನೆ.

ತಿಳಿಯುವ ದಾರಿ ಈಗ ಇದೆ. 2024ರ ಅಕ್ಟೋಬರ್ 1ರಿಂದ, ಇಂಥ ಸಾಲ ಕೊಡುವ ಪ್ರತಿ ಸಂಸ್ಥೆಯೂ ಸಹಿಗೆ ಮುಂಚೆ ಒಂದು ಮುಖ್ಯಾಂಶಗಳ ಪತ್ರವನ್ನು ಕೊಡಬೇಕು. ಎಲ್ಲ ಶುಲ್ಕಗಳೂ ಸೇರಿ ನಿಜವಾಗಿ ಬೀಳುವ ವಾರ್ಷಿಕ ದರ, ಯಾವ ತಿಂಗಳು ಎಷ್ಟು ಅಸಲು ಎಷ್ಟು ಬಡ್ಡಿ ಎಂಬ ಪಟ್ಟಿ ಅದರಲ್ಲಿರಬೇಕು. ಕನಿಷ್ಠ ಮೂರು ಕೆಲಸದ ದಿನ ಯೋಚಿಸಲು ಅವಕಾಶವಿರಬೇಕು. ಎಲ್ಲಕ್ಕಿಂತ ಮುಖ್ಯವಾದದ್ದು, ಅದು ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿರಬೇಕು. ಅದನ್ನು ಅವನಿಗೆ ವಿವರಿಸಿ ಹೇಳಬೇಕು. ರಾಣೆಬೆನ್ನೂರಿನಲ್ಲಿ ನಮಗೆ ತಿಳಿಯುವ ಭಾಷೆ ಯಾವುದು? ಕನ್ನಡದ ಹೋರಾಟವೆಂದರೆ ಅಂಗಡಿಯ ಫಲಕಕ್ಕೆ ಕನ್ನಡ ಬರೆಸುವುದಷ್ಟೇ ಎಂದು ತಿಳಿದವರು ಈ ಕಡೆ ಒಮ್ಮೆ ತಿರುಗಿ ನೋಡಬೇಕು. ಫಲಕ ಓದಲು ಬಾರದಿದ್ದರೆ ಅಂಗಡಿ ತಪ್ಪೀತು. ಸಾಲಪತ್ರ ಓದಲು ಬಾರದಿದ್ದರೆ ಮನೆ ತಪ್ಪೀತು.

ಆದ್ದರಿಂದ ಓದುಗರಲ್ಲಿ ನನ್ನ ಬಿನ್ನಹ ಇಷ್ಟು. ಆ ಪತ್ರವನ್ನು ಕನ್ನಡದಲ್ಲಿ ಕೇಳಿ, ಕೊಡದಿದ್ದರೆ ಸಹಿ ಮಾಡಬೇಡಿ. ಮೂರು ದಿನ ಮನೆಗೆ ಒಯ್ದು ಹೆಂಡತಿ ಮಕ್ಕಳ ಎದುರಿಗೆ ಓದಿ. ತೀರಿಸುವವರು ಅವರೂ ಹೌದು. ಈಗಾಗಲೇ ಸಾಲ ಮಾಡಿದವರು ಮೂರು ತಿಂಗಳಿಗೊಮ್ಮೆ ಬರಬೇಕಾದ ಲೆಕ್ಕಪತ್ರವನ್ನು ಕೇಳಿ ಪಡೆಯಿರಿ. ಎಷ್ಟು ಕಂತು ಉಳಿದಿದೆಯೆಂದು ನೋಡಿ. ಬದಲಾಗುವ ಬಡ್ಡಿಯ ಗೃಹಸಾಲಕ್ಕೆ ಮುಂಗಡ ತೀರಿಸಿದರೆ ದಂಡ ಹಾಕುವಂತಿಲ್ಲ. ವರ್ಷಕ್ಕೆ ಒಂದೇ ಒಂದು ಕಂತು ಹೆಚ್ಚಾಗಿ ಕಟ್ಟಿದರೆ, ಮೇಲೆ ಹೇಳಿದ ಸಾಲ ಮೂರು ವರ್ಷಕ್ಕೂ ಮೊದಲೇ ತೀರಿ ಸುಮಾರು ಆರು ಲಕ್ಷ ಉಳಿಯುತ್ತದೆ. ತೀರಿದ ಮೂವತ್ತು ದಿನದೊಳಗೆ ಮೂಲಪತ್ರ ಮರಳದಿದ್ದರೆ ತಡವಾದ ಪ್ರತಿ ದಿನಕ್ಕೆ ಐದು ಸಾವಿರ ರೂಪಾಯಿ ಪರಿಹಾರ ಕೇಳುವ ಹಕ್ಕೂ ನಿಮಗಿದೆ.

ವಾಣಿಜ್ಯ ವಿಭಾಗದ ಮಿತ್ರರಿಗೆ ಇದನ್ನೆಲ್ಲ ಹೇಳಿದೆ. ಮೊದಲು ಮುಖ ಸಣ್ಣದು ಮಾಡಿಕೊಂಡರು. ಮರುದಿನ ತಾವೇ ಹಾಳೆಯ ಮೇಲೆ ಲೆಕ್ಕ ಬರೆದು ತಂದರು. ನನ್ನ ಲೆಕ್ಕಕ್ಕಿಂತ ಅವರದೇ ಚೊಕ್ಕಟವಾಗಿತ್ತು. ಇನ್ನೂ ಸಹಿಯಾಗಿಲ್ಲವಂತೆ. ಒಂದು ಕೋಣೆ ಕಡಿಮೆ ಮಾಡಿ, ಇಪ್ಪತ್ತೆರಡು ಲಕ್ಷಕ್ಕೆ, ಹದಿನೈದು ವರ್ಷಕ್ಕೆ ಕೇಳುತ್ತಾರಂತೆ. ಪತ್ರ ಮಾತ್ರ ಕನ್ನಡದಲ್ಲಿ ಇನ್ನೂ ಬಂದಿಲ್ಲ. ಬರುವ ಸೋಮವಾರ ಇಬ್ಬರೂ ಹೋಗಿ ಕೇಳುವವರಿದ್ದೇವೆ.